ಊರಾಗ ರಾಜಿ ಆಗ್ಯಾದ, ಕೋರ್ಟಿನಾಗ ಕೇಸು ಹಂಗೇ ಅದ: ಮುಗಿಸೋದು ಹೆಂಗ?

ಕಾಗಿಣಾ ದಂಡಿ, ಸೇಡಂ:

ಎಲ್ಲರಿಗೂ ಶರಣು. ಸೇಡಂ ತಾಲೂಕಿನ ಒಂದು ಹಳ್ಳಿ ಕೇಸಿನ ಬಗ್ಗೆ ತಿಳಿದವರು ಹೇಳಬೇಕ್ರಿ. ದಾಯಾದಿಗಳ ನಡುವ ತೊಗರಿ ಹೊಲದ ಒಡ್ಡಿನ ಸಲುವಾಗಿ 2023ರಾಗ ಹೊಡೆದಾಟ ಆಗಿ ಎರಡೂ ಕಡೆಯಿಂದ ಕೇಸಾಗ್ಯಾವ.

ಮೊದಲನೇ ಕೇಸು: ಐಪಿಸಿ 143, 147, 148, 323, 324, 504, 506 ಸಂಗಡ 149. ಏಳು ಮಂದಿ ಆರೋಪಿಗಳು, ಗಾಯ ಆದವರು ಮೂವರು. ಬಡಿಗಿ, ಕೊಡಲಿ ಕಾವು ಜಪ್ತಿ ತೋರಿಸ್ಯಾರ. ಎದುರು ಕೇಸು: 323, 341, 504, 506 ಸಂಗಡ 34, ಮೂವರು ಆರೋಪಿಗಳು. ಎರಡರಾಗೂ ಚಾರ್ಜ್‌ಶೀಟ್ ಬಿದ್ದಾದ, ಸಾಕ್ಷಿ ಇನ್ನೂ ಶುರು ಆಗಿಲ್ಲ.

ಊರ ಹಿರೇರು ಕೂತು ರಾಜಿ ಮಾಡಿಸಿ ನೂರು ರೂಪಾಯಿ ಸ್ಟಾಂಪ್ ಪೇಪರಿನ ಮ್ಯಾಲ ಬರೆಸ್ಯಾರ. ದವಾಖಾನಿ ಖರ್ಚು 60,000 ಕೊಡೋದು, ಒಡ್ಡು ಸರಿಸಿ ಒಂದು ಗುಂಟೆ ಬಿಡೋದು, ಎರಡೂ ಕೇಸು ವಾಪಸ್ ತಗೊಳ್ಳೋದು ಅಂತ ಅದರಾಗ ಅದ. ಅದರ ಜೆರಾಕ್ಸ್ ಠಾಣೆಗೂ ಕೊಟ್ಟಾರ. ಅಲ್ಲಿಗೆ ಮುಗೀತು ಅಂತ ಎಲ್ಲರೂ ಸುಮ್ಮನಾದರು. ಈಗ ಸಮನ್ಸ್ ಬಂದಾವ, ತಾರೀಖಿಗೆ ಹೋಗದ ಒಬ್ಬನಿಗೆ ವಾರಂಟ್ ಆಗ್ಯಾದ.

ಲೋಕ ಅದಾಲತ್ತಿನಾಗ ಮುಗಿತದೇನು, ಇಲ್ಲಾ ಹೈಕೋರ್ಟಿಗೇ ಹೋಗಬೇಕೇನು? ಏನೇನು ಕಾಗದ ಬೇಕು?

ಕೋಟೆ ಬಾಗಿಲು, ವಕೀಲರು, ಕಲಬುರಗಿ:

ಮೊದಲು ಸ್ಟಾಂಪ್ ಪೇಪರಿನ ಮಾತು. ಎಫ್‌ಐಆರ್ ಆದ ಮೇಲೆ ಕೇಸು ಫಿರ್ಯಾದಿಯ ಕೈಯಲ್ಲಿ ಇರುವುದಿಲ್ಲ. ಕಡತದಲ್ಲಿ ಆರೋಪಿಯ ಎದುರು ನಿಂತಿರುವುದು ರಾಜ್ಯ ಸರ್ಕಾರ. ತನಿಖೆ ನಡೆಯುತ್ತಿದ್ದಾಗಲೂ ಪೊಲೀಸರು ಚಾರ್ಜ್‌ಶೀಟ್ ಹಾಕಬೇಕು, ಇಲ್ಲವೇ ಕಾರಣ ಬರೆದು, ಕೇಸು ಮುಚ್ಚಲು ಕೇಳುವ ಬಿ ರಿಪೋರ್ಟಿನಂಥ ಅಂತಿಮ ವರದಿ ಕೊಡಬೇಕು. ‘ಇಬ್ಬರೂ ರಾಜಿಯಾದರು’ ಎಂಬುದು ಬಿ ರಿಪೋರ್ಟಿಗೆ ಕಾರಣವೇ ಅಲ್ಲ. ನಿಮ್ಮದರಲ್ಲಿ ಚಾರ್ಜ್‌ಶೀಟೇ ಬಿದ್ದಿರುವುದರಿಂದ ಠಾಣೆಗೆ ಕೊಟ್ಟ ಜೆರಾಕ್ಸಿಗೆ ಯಾವ ಬಲವೂ ಇಲ್ಲ.

ಇನ್ನು ‘ಇಷ್ಟು ದುಡ್ಡು ಕೊಟ್ಟರೆ ಕೇಸು ವಾಪಸ್’ ಎಂಬ ಒಕ್ಕಣೆ. ರಾಜಿಗೆ ಕಾನೂನು ಅವಕಾಶ ಕೊಡದ ಅಪರಾಧದಲ್ಲಿ ಹೀಗೆ ಬರೆದುಕೊಂಡರೆ ಆ ಕರಾರು ಅನೂರ್ಜಿತ. 1872ರ ಕರಾರು ಕಾಯಿದೆಯ ಕಲಂ 23ರ ಕೆಳಗಿನ ಉದಾಹರಣೆಗಳಲ್ಲಿಯೇ ಇದು ಇದೆ: ಕಳವಾದ ಮಾಲಿನ ಬೆಲೆ ತುಂಬಿಕೊಟ್ಟರೆ ದರೋಡೆ ಕೇಸು ಕೈಬಿಡುತ್ತೇನೆ ಎಂಬ ಒಪ್ಪಂದ ನಿಲ್ಲುವುದಿಲ್ಲ. ದುಡ್ಡು ಇಸಿದುಕೊಂಡವನು ನಾಳೆ ತಿರುಗಿ ಬಿದ್ದರೆ ಆ ಪತ್ರ ಹಿಡಿದು ಅವನನ್ನು ಕಟ್ಟಿಹಾಕಲು ಬರುವುದಿಲ್ಲ. ಹಾಗಂತ ಪತ್ರವನ್ನು ಹರಿದುಹಾಕಬೇಡಿ. ಹಿರಿಯರ ಮುಂದೆ ಮನಸ್ಸು ಒಂದಾಗಿದೆ ಎನ್ನುವುದಕ್ಕೆ ಅದು ದಾಖಲೆ. ಆದರೆ ಕೋರ್ಟಿಗೆ ಬೇರೆ ಕಾಗದವೇ ಆಗಬೇಕು.

ಈಗ ಕಲಂಗಳನ್ನು ಬಿಡಿಸೋಣ. ಇಡೀ ಪ್ರಶ್ನೆ ನಿಂತಿರುವುದು ಇಲ್ಲಿಯೇ. ರಾಜಿಗೆ ಬರುವ ಅಪರಾಧಗಳ ಪಟ್ಟಿ ಹಳೆಯ ದಂಡ ಪ್ರಕ್ರಿಯಾ ಸಂಹಿತೆಯ 320ರಲ್ಲಿದೆ. 2024ರ ಜುಲೈ 1ರಿಂದ ಜಾರಿಗೆ ಬಂದ ನಾಗರಿಕ ಸುರಕ್ಷಾ ಸಂಹಿತೆಯಲ್ಲಿ ಅದು 359. ಪಟ್ಟಿಯಲ್ಲಿ ಎರಡು ಕೋಷ್ಟಕ. ಒಂದರಲ್ಲಿ ನೊಂದವರು ಒಪ್ಪಿದರೆ ಸಾಕು, ಇನ್ನೊಂದರಲ್ಲಿ ಕೋರ್ಟಿನ ಅನುಮತಿಯೂ ಬೇಕು. 323 (ಸಾದಾ ಗಾಯ), 341 (ಅಡ್ಡಗಟ್ಟುವುದು), 504 (ಅವಮಾನ ಮಾಡಿ ಕೆಣಕುವುದು), 506 (ಬೆದರಿಕೆ) ಮೊದಲನೆಯದರಲ್ಲಿವೆ. ಹಾಗಾಗಿ ನಿಮ್ಮ ಎದುರು ಕೇಸು ಪೂರ್ತಿಯಾಗಿ ಸೇಡಂ ಮ್ಯಾಜಿಸ್ಟ್ರೇಟರ ಮುಂದೆಯೇ ಮುಗಿಯುವಂಥದ್ದು, ಲೋಕ ಅದಾಲತ್ತಿಗೂ ಸಲ್ಲುತ್ತದೆ. ಅಲ್ಲಿ ‘ಸಂಗಡ 34’ ಅಡ್ಡ ಬರುವುದಿಲ್ಲ. ಮೂಲ ಅಪರಾಧ ರಾಜಿಗೆ ಬರುವಂತಿದ್ದರೆ 34 (ಸಮಾನ ಉದ್ದೇಶ) ಅಥವಾ 149ರಿಂದ (ಅಕ್ರಮ ಕೂಟದ ಸದಸ್ಯನೆಂಬ ಕಾರಣಕ್ಕೆ) ಹೊಣೆಯಾದವರ ಮೇಲಿನದೂ ರಾಜಿಗೆ ಬರುತ್ತದೆ ಎಂದು 320(3) ಹೇಳುತ್ತದೆ.

ಮೊದಲನೇ ಕೇಸಿನಲ್ಲಿ ತೊಡಕು ಎರಡು. 324, ಅಂದರೆ ಆಯುಧದಿಂದ ಗಾಯ ಮಾಡಿದ್ದು, 2009ರ ಡಿಸೆಂಬರ್ 31ರವರೆಗೆ ಕೋರ್ಟಿನ ಅನುಮತಿಯಿಂದ ರಾಜಿಯಾಗುತ್ತಿತ್ತು. ಅಂದಿನಿಂದ ಪಟ್ಟಿಯಿಂದ ಹೊರಗಿದೆ. ತಾಲೂಕು ಕೋರ್ಟಿನ ಆವರಣದಲ್ಲಿ ‘324ಕ್ಕೂ ಮೆಮೊ ಹಾಕಿದರಾಯಿತು’ ಎಂದು ಈಗಲೂ ಹೇಳುವವರು ಸಿಗುತ್ತಾರೆ. ಅದು ಹಳೆಯ ಲೆಕ್ಕ, ನಂಬಬೇಡಿ. ಇನ್ನೊಂದು ತೊಡಕು 143, 147, 148. ಅಕ್ರಮ ಕೂಟ, ದೊಂಬಿ ಇವು ಸಾರ್ವಜನಿಕ ಶಾಂತಿಯ ಮೇಲಿನ ಅಪರಾಧಗಳು. ಫಿರ್ಯಾದಿ ಎಷ್ಟೇ ಒಪ್ಪಿದರೂ ಮ್ಯಾಜಿಸ್ಟ್ರೇಟರಿಗೆ ಅವನ್ನು ರಾಜಿಯ ಮೇಲೆ ಮುಚ್ಚುವ ಅಧಿಕಾರವಿಲ್ಲ. 149 ಇದ್ದರೆ ನಡೆಯುತ್ತದೆ, 143 ಇದ್ದರೆ ನಡೆಯುವುದಿಲ್ಲ. ಈ ವ್ಯತ್ಯಾಸ ಗೊತ್ತಿಲ್ಲದೆ ಜಂಟಿ ಅರ್ಜಿ ಹಾಕಿದವರಿಗೆ 323, 504, 506ಕ್ಕೆ ಮಾತ್ರ ಆದೇಶ ಸಿಕ್ಕು ಉಳಿದ ಕಲಂಗಳ ಮೇಲೆ ವಿಚಾರಣೆ ಮುಂದುವರಿಯುತ್ತದೆ. ಲೋಕ ಅದಾಲತ್ತಿನಲ್ಲೂ ಇದೇ ಗತಿ. ರಾಜಿಗೆ ಬಾರದ ಅಪರಾಧದ ಮೇಲೆ ಅದಕ್ಕೆ ಅಧಿಕಾರವಿಲ್ಲ ಎಂದು 1987ರ ಕಾನೂನು ಸೇವೆಗಳ ಪ್ರಾಧಿಕಾರ ಕಾಯಿದೆಯ 19(5) ಸ್ಪಷ್ಟವಾಗಿ ಹೇಳುತ್ತದೆ.

ಹೀಗಾಗಿ ಮೊದಲನೇ ಕೇಸಿಗೆ ದಾರಿ ಹೈಕೋರ್ಟ್. 2012ರ ಸೆಪ್ಟೆಂಬರ್ 24ರಂದು ಗ್ಯಾನ್ ಸಿಂಗ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟಿನ ಮೂವರು ನ್ಯಾಯಮೂರ್ತಿಗಳ ಪೀಠ ಇದನ್ನು ಇತ್ಯರ್ಥ ಮಾಡಿದೆ. 320ರ ಪಟ್ಟಿಗೆ ಕೆಳಗಿನ ಕೋರ್ಟುಗಳು ಕಟ್ಟುಬಿದ್ದಿವೆ. ಹೈಕೋರ್ಟಿನ ಅಂತರ್ಗತ ಅಧಿಕಾರ, ಅಂದರೆ ಹಳೆಯ 482, ಹೊಸ 528, ಅದಕ್ಕಿಂತ ಬೇರೆ. ಜಗಳ ಮೂಲತಃ ಖಾಸಗಿಯದಾಗಿದ್ದು, ರಾಜಿಯಾದ ಮೇಲೆ ಶಿಕ್ಷೆಯಾಗುವ ಸಂಭವ ತೀರಾ ಕಡಿಮೆ ಇದ್ದು, ಕೇಸು ಎಳೆದಷ್ಟೂ ಕಕ್ಷಿದಾರರಿಗೆ ಅನ್ಯಾಯವೇ ಆಗುವುದಾದರೆ ಹೈಕೋರ್ಟು ನಡಾವಳಿಯನ್ನೇ ರದ್ದುಮಾಡಬಹುದು. ಮಾಡಲೇಬೇಕೆಂದಿಲ್ಲ. ಗಾಯ ಎಂಥದ್ದು, ಆಯುಧ ಯಾವುದು, ಆರೋಪಿಗಳ ಮೇಲೆ ಹಳೆಯ ಕೇಸುಗಳಿವೆಯೇ, ರಾಜಿ ಸ್ವಂತ ಇಚ್ಛೆಯದೇ, ವಿಚಾರಣೆ ಯಾವ ಹಂತದಲ್ಲಿದೆ ಇವೆಲ್ಲವನ್ನೂ ನೋಡುತ್ತದೆ. ದಾಯಾದಿಗಳ ಹೊಲದ ಜಗಳ, ಗಾಯ ಸಾದಾ, ಸಾಕ್ಷಿ ಶುರುವಾಗಿಲ್ಲ. ನಿಮ್ಮ ಕೇಸಿಗೆ ಇದು ಒಳ್ಳೆಯ ಹಂತ. ತಡಮಾಡಬೇಡಿ.

ಇನ್ನೊಂದು ಮಾತನ್ನು ಒತ್ತಿ ಹೇಳುತ್ತೇನೆ. ಎದುರು ಕೇಸು ಸುಲಭ ಎಂದು ಅದನ್ನು ಮೊದಲು ಸೇಡಂನಲ್ಲಿ ಮುಗಿಸಿಕೊಳ್ಳಬೇಡಿ. ರಾಜಿ ದಾಖಲಾದರೆ 320(8)ರ ಪ್ರಕಾರ ಅದು ಖುಲಾಸೆಗೆ ಸಮ, ಮತ್ತೆ ತೆರೆಯಲು ಬರುವುದಿಲ್ಲ. ಆ ಮೂವರು ಖುಲಾಸೆಯಾಗಿ ಹೊರಬಂದು ಹೈಕೋರ್ಟಿಗೆ ಸಹಿ ಹಾಕಲು ಮನಸ್ಸು ಬದಲಿಸಿದರೆ ಏಳು ಮಂದಿ ಸಿಕ್ಕಿಬೀಳುತ್ತಾರೆ. ಎರಡೂ ಕೇಸಿಗೆ ಒಂದೇ ದಿನ ಹೈಕೋರ್ಟಿನಲ್ಲಿ ಎರಡು ಅರ್ಜಿ ಹಾಕಿ, ಒಂದರಲ್ಲಿ ಇನ್ನೊಂದರ ನಂಬರ್ ಬರೆದು, ಕೂಡಿಯೇ ವಿಚಾರಣೆಗೆ ಬರುವಂತೆ ಕೇಳಿಕೊಳ್ಳಿ.

ನಕಲು ವಿಭಾಗ, ವಕೀಲರ ಗುಮಾಸ್ತ, ಕಲಬುರಗಿ:

ವಕೀಲ ಸಾಹೇಬ್ರು ಕಾನೂನು ಹೇಳ್ಯಾರ, ನಾ ಕಾಗದದ ಕೆಲಸ ಹೇಳ್ತೀನಿ. ಅರ್ಜಿ ವಾಪಸ್ ಬರೋದು, ತಾರೀಖು ಮುಂದ ಹೋಗೋದು ಎಲ್ಲಾ ಇಲ್ಲೇ ಆಗ್ತದ.

ಸೇಡಂ ಕೋರ್ಟಿನ ನಕಲು ವಿಭಾಗದಾಗ ಎರಡೂ ಕೇಸಿಗೆ ಬೇರೆ ಬೇರೆ ಅರ್ಜಿ ಕೊಡ್ರಿ. ಫಿರ್ಯಾದಿ, ಎಫ್‌ಐಆರ್, ಪೂರ್ತಿ ಚಾರ್ಜ್‌ಶೀಟ್, ಸ್ಥಳ ಪಂಚನಾಮಿ, ಎಲ್ಲಾ ಗಾಯದ ಸರ್ಟಿಫಿಕೇಟು, ಇವತ್ತಿನ ತನಕದ ಆರ್ಡರ್ ಶೀಟು, ಇಷ್ಟಕ್ಕೂ ದೃಢೀಕೃತ ನಕಲು ಬೇಕು. ಆರ್ಡರ್ ಶೀಟು ಬಿಟ್ಟು ಬರೋರು ಭಾಳ ಮಂದಿ. ಅದಿಲ್ಲದ ಕೇಸು ಯಾವ ಹಂತದಾಗ ಅದ ಅಂತ ಹೈಕೋರ್ಟಿಗೆ ತೋರಿಸಾಕ ಆಗಂಗಿಲ್ಲ.

ಅರ್ಜಿದಾರರು ಅಂದ್ರ ಆರೋಪಿಗಳು, ಏಳೂ ಮಂದಿ. ಒಂದನೇ ಎದುರುದಾರ ರಾಜ್ಯ, ಠಾಣೆ ಹೆಸರಿನ ಮೂಲಕ. ಎರಡನೇ ಎದುರುದಾರ ಫಿರ್ಯಾದಿ. ಇಲ್ಲಿಗೇ ನಿಲ್ಲಿಸಬ್ಯಾಡ್ರಿ. ಗಾಯ ಆದವರು ಮೂವರು ಅಂತೀರಿ, ಫಿರ್ಯಾದಿ ಒಬ್ಬನೇ. ಉಳಿದ ಇಬ್ಬರನ್ನೂ ಎದುರುದಾರರು ಮಾಡಿ ಅವರ ಸಹಿನೂ ಹಾಕಸ್ರಿ. ‘ಗಾಯಾಳು ಎಲ್ಲಿ’ ಅಂತ ನ್ಯಾಯಮೂರ್ತಿಗಳು ಕೇಳಿದಾಗ ಉತ್ತರ ಇರಬೇಕು.

ಜಂಟಿ ಅರ್ಜಿ, ಅದರ ಸಂಗಡ ಎರಡೂ ಕಡೆಯವರ ಪ್ರಮಾಣಪತ್ರ. ಅದರಾಗ ಬರಬೇಕಾದ್ದು: ಠಾಣೆಯ ಕ್ರೈಂ ನಂಬರ್, ಕೋರ್ಟಿನ ಕೇಸಿನ ನಂಬರ್ ಅಂದ್ರ ಸಿಸಿ ನಂಬರ್, ಕೋರ್ಟು, ಕಲಂಗಳು, ಇಬ್ಬರ ಸಂಬಂಧ ಏನು, ಯಾರು ಮುಂದ ಕೂತು ರಾಜಿ ಮಾಡಿಸಿದರು, ದುಡ್ಡು ಕೊಟ್ಟಿದ್ರ ಎಷ್ಟು, ಯಾವ ತಾರೀಖು, ಡಿಡಿ ಇಲ್ಲಾ ಬ್ಯಾಂಕ್ ವರ್ಗಾವಣೆ ನಂಬರ್, ಒತ್ತಾಯ ಇಲ್ಲದ ಒಪ್ಪೀವಿ ಅನ್ನೋ ಮಾತು, ಎದುರು ಕೇಸಿನ ವಿವರ. ಕೈಯಾಗ ನಗದು ಕೊಟ್ಟೀವಿ ಅಂತ ಬರೆದ್ರ ಮುಂದ ಜಗಳಕ್ಕ ಜಾಗ ಆಗ್ತದ, ಬ್ಯಾಂಕ್ ಮೂಲಕ ಕೊಡ್ರಿ.

ಬರೀಬಾರದ ಎರಡು ಮಾತು ಅದಾವ. ಆರೋಪಿ ಕಡೆಯಿಂದ ‘ತಪ್ಪು ಒಪ್ಪಿಕೊಂಡೀವಿ’ ಅಂತ ಬ್ಯಾಡ. ಅರ್ಜಿ ವಜಾ ಆದ್ರ ಅದೇ ಕಾಗದ ಅವರ ಕೊರಳಿಗೆ ಸುತ್ತಿಕೊಳ್ತದ. ಫಿರ್ಯಾದಿ ಕಡೆಯಿಂದ ‘ಸುಳ್ಳು ಫಿರ್ಯಾದಿ ಕೊಟ್ಟಿದ್ದೆ’ ಅಂತ ಬ್ಯಾಡ. ಸುಳ್ಳು ಮಾಹಿತಿ, ಸುಳ್ಳು ಆರೋಪಕ್ಕ ಐಪಿಸಿ 182, 211 ಅದಾವ. ‘ತಪ್ಪು ತಿಳಿವಳಿಕೆಯಿಂದ ಜಗಳ ಆಗಿತ್ತು, ಈಗ ಹಿರಿಯರ ಸಮಕ್ಷಮ ಬಗೆಹರಿದಿದೆ’ ಅಂದ್ರ ಸಾಕು.

ಹೆಬ್ಬಟ್ಟು ಹಚ್ಚೋರು ಇದ್ರ, ಪ್ರಮಾಣಪತ್ರ ಇಂಗ್ಲಿಷಿನಾಗ ಇದ್ರ, ‘ಕನ್ನಡದಾಗ ಓದಿ ಹೇಳೀನಿ, ತಿಳಕೊಂಡು ಹೆಬ್ಬಟ್ಟು ಒತ್ತ್ಯಾರ’ ಅಂತ ಕೆಳಗ ಷರಾ ಬರೆಸಿ, ಓದಿ ಹೇಳಿದವರ ಸಹಿ ಹಾಕಸ್ರಿ. ಆಧಾರ್ ಜೆರಾಕ್ಸ್ ಲಗತ್ತಿಸಬೇಕು, ಮೂಲ ಕಾರ್ಡು ಆ ದಿನ ಕೈಯಾಗ ಇರಬೇಕು. ಚಾರ್ಜ್‌ಶೀಟಿನಾಗ ಹೆಸರು ಒಂದು ನಮೂನಿ, ಆಧಾರಿನಾಗ ಇನ್ನೊಂದು ನಮೂನಿ ಇರೋದು ನಮ್ಮ ಕಡೆ ಸಾಮಾನ್ಯ. ‘ಉರ್ಫ್’ ಹಾಕಿ ಎರಡೂ ಹೆಸರು ಬರೀರಿ.

ವಾರಂಟ್ ಆದವನು ಮೊದಲು ಸೇಡಂ ಕೋರ್ಟಿಗೆ ಹಾಜರಾಗಿ ವಾರಂಟ್ ರದ್ದಿಗೆ ಅರ್ಜಿ ಹಾಕಲಿ. ಹೈಕೋರ್ಟಿನಾಗ ಅರ್ಜಿ ಬಿದ್ದಾದ ಅಂದ ಮಾತ್ರಕ್ಕ ಕೆಳಗಿನ ಕೋರ್ಟಿನ ತಾರೀಖು ನಿಲ್ಲಂಗಿಲ್ಲ. ತಡೆ ಆಜ್ಞೆ ಸಿಗೋ ತನಕ ಪ್ರತಿ ತಾರೀಖಿಗೂ ಹಾಜರಿ, ಇಲ್ಲಾ ವಕೀಲರ ಮೂಲಕ ಗೈರುಹಾಜರಿ ಮಾಫಿ ಅರ್ಜಿ.

ಕಾಗಿಣಾ ದಂಡಿ, ಸೇಡಂ:

ಭಾಳ ಉಪಕಾರ ಆಯ್ತ್ರಿ. ಇನ್ನ ಮೂರು ಮಾತು. ಗಾಯ ಆದವರಾಗ ಒಬ್ಬಾಂವ 15 ವರ್ಷದ ಹುಡುಗ. ಆರೋಪಿಗಳಾಗ ಒಬ್ಬ ಪುಣೆಯಾಗ ದುಡೀಲಿಕ್ಕೆ ಹೋಗ್ಯಾನ, ಬರಾಕ ಆಗಲ್ಲ ಅಂತಾನ. ಆ ಒಂದು ಗುಂಟೆ ಹೊಲದ ಮಾತನ್ನ ಪ್ರಮಾಣಪತ್ರದಾಗೇ ಬರೆದ್ರ ನಡೀತದೇನು?

ಕೋಟೆ ಬಾಗಿಲು, ವಕೀಲರು, ಕಲಬುರಗಿ:

ಹುಡುಗನ ಪರವಾಗಿ ತಂದೆ ಅಥವಾ ತಾಯಿ ಪೋಷಕರಾಗಿ ಪ್ರಮಾಣಪತ್ರ ಹಾಕಬೇಕು. ಅವನು ಅಪ್ರಾಪ್ತ ಎಂಬುದನ್ನು ಮುಚ್ಚಿಡದೆ ಅರ್ಜಿಯಲ್ಲೇ ಬರೆದು ಅನುಮತಿ ಕೇಳಿ. ಜನ್ಮ ದಿನಾಂಕಕ್ಕೆ ಶಾಲೆಯ ದಾಖಲೆ ಲಗತ್ತಿಸಿ.

ಪುಣೆಯವನನ್ನು ಬಿಟ್ಟು ಆರು ಮಂದಿ ಅರ್ಜಿ ಹಾಕಿದರೆ ಆದೇಶ ‘ಅರ್ಜಿದಾರರ ಮಟ್ಟಿಗೆ’ ಎಂದು ಬರುತ್ತದೆ. ಅವನೊಬ್ಬನ ಮೇಲೆ ಕೇಸು ಬೇರ್ಪಟ್ಟು ಉಳಿಯುತ್ತದೆ, ಫಿರ್ಯಾದಿ ಮತ್ತೆ ಸಾಕ್ಷಿಗೆ ಅಲೆಯಬೇಕಾಗುತ್ತದೆ. ವಕಾಲತ್ತು, ಪ್ರಮಾಣಪತ್ರವನ್ನು ಅವನು ಪುಣೆಯಲ್ಲೇ ನೋಟರಿ ಮುಂದೆ ಸಹಿ ಮಾಡಿ ಕಳಿಸಬಹುದು. ಹಾಜರಿಗೆ ವಿಡಿಯೊ ಮೂಲಕ ಅವಕಾಶ ಕೊಡಿ ಎಂದು ಮುಂಚೆಯೇ ಕೇಳಿಕೊಳ್ಳಿ. ಪೀಠ ಒಪ್ಪಿದರೆ ಸರಿ, ಇಲ್ಲವಾದರೆ ಒಂದು ದಿನದ ಮಟ್ಟಿಗೆ ಬರಲೇಬೇಕು. ಫಿರ್ಯಾದಿ ಮತ್ತು ಗಾಯಾಳುಗಳಂತೂ ಖುದ್ದಾಗಿ ಇದ್ದರೇ ಒಳ್ಳೆಯದು. ನ್ಯಾಯಮೂರ್ತಿಗಳು ನೇರವಾಗಿ ಅವರನ್ನೇ ‘ಯಾರಾದರೂ ಒತ್ತಾಯ ಮಾಡಿದರೇ’ ಎಂದು ಕೇಳುತ್ತಾರೆ. ಸರ್ಕಾರಿ ವಕೀಲರು ಠಾಣೆಯಿಂದ ಮಾಹಿತಿ ತರಿಸಿ ಆರೋಪಿಗಳ ಹಳೆಯ ಕೇಸುಗಳಿದ್ದರೆ ಪೀಠದ ಮುಂದಿಡುತ್ತಾರೆ. ಇದ್ದದ್ದನ್ನು ನೀವೇ ಅರ್ಜಿಯಲ್ಲಿ ಹೇಳಿಬಿಡುವುದು ಲೇಸು.

ಹೊಲದ ಮಾತು ಬೇರೆಯೇ ಇಡಿ. ಪ್ರಮಾಣಪತ್ರದಿಂದ ಭೂಮಿ ಕೈ ಬದಲಾಯಿಸುವುದಿಲ್ಲ. ಮೊದಲು ಹದ್ದುಬಸ್ತಿಗೆ ಅರ್ಜಿ ಕೊಟ್ಟು ಸರ್ಕಾರಿ ಭೂಮಾಪಕರಿಂದ ಅಳತೆ ಮಾಡಿಸಿ. ಒಡ್ಡು ತಪ್ಪು ಜಾಗದಲ್ಲಿತ್ತು ಎಂದು ಹೊರಬಿದ್ದರೆ ಕಲ್ಲು ನೆಟ್ಟರೆ ಮುಗಿಯಿತು, ಯಾರೂ ಯಾರಿಗೂ ಏನೂ ಬಿಟ್ಟುಕೊಟ್ಟಂತೆ ಆಗುವುದಿಲ್ಲ. ನಿಜವಾಗಿ ಒಂದು ಗುಂಟೆ ಬಿಟ್ಟುಕೊಡುವುದೇ ಆದರೆ ನೋಂದಾಯಿತ ಪತ್ರ ಬೇಕು. ಸಿವಿಲ್ ದಾವೆ ನಡೆಯುತ್ತಿದ್ದರೆ ಅಲ್ಲಿಯೇ ರಾಜಿ ಡಿಕ್ರಿ ಮಾಡಿಸಿ. ಜಮೀನು ಪರಿಶಿಷ್ಟರಿಗೆ ಸರ್ಕಾರ ಮಂಜೂರು ಮಾಡಿದ್ದಾದರೆ 1978ರ ಪಿಟಿಸಿಎಲ್ ಕಾಯಿದೆ ಅಡ್ಡ ಬರುತ್ತದೆ, ಸರ್ಕಾರದ ಪೂರ್ವಾನುಮತಿ ಇಲ್ಲದ ಪರಭಾರೆ ನಿಲ್ಲುವುದಿಲ್ಲ. ಕೇಸು ಮುಗಿಸಿ ಒಡ್ಡು ಹಾಗೇ ಬಿಟ್ಟರೆ ಮುಂದಿನ ಬಿತ್ತನೆಗೆ ಮತ್ತೆ ಅದೇ ಜಗಳ ಎದ್ದೇಳುತ್ತದೆ. ಹಾಗಾಗಿ ಅಳತೆಯ ನಕ್ಷೆಗೆ ಎರಡೂ ಕಡೆಯವರ ಸಹಿ ಹಾಕಿಸಿ ಜಂಟಿ ಅರ್ಜಿಗೆ ಲಗತ್ತಿಸಿ. ರಾಜಿ ಗಟ್ಟಿಯಿದೆ ಎಂದು ಪೀಠಕ್ಕೂ ತಿಳಿಯುತ್ತದೆ.

ಹಳ್ಳಿಖೇಡ, ಹುಮನಾಬಾದ್:

ಇದೇ ವಿಷಯಕ್ಕೆ ಸೇರಿದ ಪ್ರಶ್ನೆ. ಹೆಣ್ಣಿನ ತವರು ಹುಮನಾಬಾದ್ ತಾಲೂಕು, ಗಂಡನ ಮನೆ ಜಹೀರಾಬಾದ್. ಕೇಸು ನಮ್ಮ ಕಡೆ ದಾಖಲಾಗಿದೆ: 498ಎ (ಹೆಂಡತಿಗೆ ಗಂಡನ ಕಡೆಯವರ ಕ್ರೌರ್ಯ), 504, ವರದಕ್ಷಿಣೆ ಕಾಯಿದೆಯ 3 ಮತ್ತು 4. ಬೇರೆಯಾಗಲು ಇಬ್ಬರೂ ಒಪ್ಪಿದ್ದಾರೆ, 8 ಲಕ್ಷಕ್ಕೆ ಮಾತಾಗಿದೆ. ಗಂಡನ ಕಡೆಯವರು ‘ನಮ್ಮಲ್ಲಿ ಮ್ಯಾಜಿಸ್ಟ್ರೇಟ್ ಕೋರ್ಟಿನಲ್ಲೇ ಮುಗಿಯುತ್ತದೆ, ಅಲ್ಲೇ ಸಹಿ ಹಾಕಿ’ ಎನ್ನುತ್ತಿದ್ದಾರೆ. ಸರಿಯೇ?

ಬಿದರಿ, ವಕೀಲೆ, ಬೀದರ್:

ಅವರ ಮಾತಿಗೆ ಒಂದು ಹಿನ್ನೆಲೆ ಇದೆ. ಅವಿಭಜಿತ ಆಂಧ್ರಪ್ರದೇಶ 2003ರಲ್ಲಿ ರಾಜ್ಯ ತಿದ್ದುಪಡಿ ತಂದು 498ಎಯನ್ನು ಕೋರ್ಟಿನ ಅನುಮತಿಯಿಂದ ರಾಜಿಗೆ ಬರುವಂತೆ ಮಾಡಿತ್ತು. ಗಡಿಯ ಆಚೆ ಆ ರೂಢಿ ಬಂದದ್ದು ಹಾಗೆ. ಕರ್ನಾಟಕದ ಕೋರ್ಟಿನಲ್ಲಿರುವ ಕೇಸಿಗೆ ಅದು ಅನ್ವಯಿಸುವುದಿಲ್ಲ. ಇಲ್ಲಿ 498ಎ ರಾಜಿಗೆ ಬಾರದ ಅಪರಾಧ, ಹೊಸ ನ್ಯಾಯ ಸಂಹಿತೆಯ 85 ಕೂಡ ಹಾಗೆಯೇ. ವರದಕ್ಷಿಣೆ ನಿಷೇಧ ಕಾಯಿದೆಯ ಅಪರಾಧಗಳು ರಾಜಿಗೆ ಬರುವುದಿಲ್ಲ ಎಂದು ಆ ಕಾಯಿದೆಯ ಕಲಂ 8ರಲ್ಲೇ ಇದೆ. ಹಾಗಾಗಿ ಹೈಕೋರ್ಟಿನ ಕಲಬುರಗಿ ಪೀಠಕ್ಕೇ ಬರಬೇಕು. ಗಂಡ ಹೆಂಡಿರ ವ್ಯಾಜ್ಯದಲ್ಲಿ ರಾಜಿಯ ಮೇಲೆ 498ಎ ರದ್ದುಮಾಡಬಹುದು ಎಂದು ಬಿ. ಎಸ್. ಜೋಷಿ ಪ್ರಕರಣದಲ್ಲಿ ಸುಪ್ರೀಂ ಕೋರ್ಟು 2003ರಲ್ಲೇ ಹೇಳಿರುವುದರಿಂದ ಇದು ಹೊಸ ದಾರಿಯೇನಲ್ಲ.

ಇಲ್ಲಿ ನಿಜವಾದ ಕಷ್ಟ ದುಡ್ಡಿನ ಕಂತು ಮತ್ತು ಹೆಜ್ಜೆಗಳ ಕ್ರಮ. ಪೂರ್ತಿ ದುಡ್ಡು ಮೊದಲೇ ಕೊಟ್ಟರೆ ಗಂಡನಿಗೆ ಭಯ, ಕೇಸು ಮೊದಲೇ ರದ್ದಾದರೆ ಹೆಣ್ಣುಮಗಳಿಗೆ ನಷ್ಟ. ನಿಮ್ಮ 8 ಲಕ್ಷವನ್ನು ಹೀಗೆ ಒಡೆಯಬಹುದು: ಮಧ್ಯಸ್ಥಿಕೆ ಕೇಂದ್ರದಲ್ಲಿ ಒಪ್ಪಂದಕ್ಕೆ ಸಹಿಯಾಗಿ, ಕುಟುಂಬ ನ್ಯಾಯಾಲಯದಲ್ಲಿ ಹಿಂದೂ ವಿವಾಹ ಕಾಯಿದೆಯ 13ಬಿ (ಪರಸ್ಪರ ಒಪ್ಪಿಗೆಯ ವಿಚ್ಛೇದನ) ಅರ್ಜಿ ಬಿದ್ದ ದಿನ 3 ಲಕ್ಷ, ವಿಚ್ಛೇದನದ ಡಿಕ್ರಿ ಆಗುವ ದಿನ 3 ಲಕ್ಷ, ಉಳಿದ 2 ಲಕ್ಷದ ಡಿಡಿ ಹೈಕೋರ್ಟಿನಲ್ಲಿ, ನ್ಯಾಯಮೂರ್ತಿಗಳ ಮುಂದೆ ಕೈಗೆ ಕೊಟ್ಟು ಆದೇಶದಲ್ಲಿ ಅದರ ನಂಬರ್ ನಮೂದಾಗುವಂತೆ. ಡಿಡಿ ಹೆಣ್ಣುಮಗಳ ಹೆಸರಿಗೇ ಇರಬೇಕು. ಅಪ್ಪನ ಹೆಸರಿಗೆ, ಅಣ್ಣನ ಹೆಸರಿಗೆ ಬೇಡ. ಆರು ತಿಂಗಳ ಕಾಯುವಿಕೆಯನ್ನು ಮಾಫಿ ಮಾಡಲು 2017ರ ಅಮರ್‌ದೀಪ್ ಸಿಂಗ್ ತೀರ್ಪಿನ ಪ್ರಕಾರ ಅರ್ಜಿ ಹಾಕಬಹುದು. ಎಷ್ಟು ಕಾಲದಿಂದ ಬೇರೆ ಇದ್ದಾರೆ ಎಂಬುದರ ಮೇಲೆ ಅದು ನಿಂತಿದೆ.

ಒಪ್ಪಂದದಲ್ಲಿ ಬಿಟ್ಟುಹೋಗುವ ಸಂಗತಿಗಳು: ಕೌಟುಂಬಿಕ ದೌರ್ಜನ್ಯ ಕಾಯಿದೆಯ ಅರ್ಜಿ, ಜೀವನಾಂಶದ ಅರ್ಜಿ ಮತ್ತು ಅದರ ಬಾಕಿ, ಬಂಗಾರ ಮತ್ತು ಹಂಡೆ ಪಾತ್ರೆಗಳ ಪಟ್ಟಿ. ಪ್ರತಿಯೊಂದರ ನಂಬರ್ ಬರೆದು ಯಾವ ದಿನ ಯಾರು ಹಿಂದಕ್ಕೆ ಪಡೆಯುತ್ತಾರೆಂದು ಬರೆಯಿರಿ. ಮಗು ಇದ್ದರೆ ‘ಮಗುವಿನ ಜೀವನಾಂಶವನ್ನೂ ಬಿಟ್ಟುಕೊಟ್ಟಿದ್ದೇನೆ’ ಎಂಬ ಸಾಲಿಗೆ ತಾಯಿ ಸಹಿ ಹಾಕಲೇಬಾರದು. ಅದು ಮಗುವಿನ ಹಕ್ಕು, ತಾಯಿಯ ಸಹಿಯಿಂದ ಹೋಗುವುದಿಲ್ಲ, ಆದರೆ ಆ ಸಾಲಿನಿಂದ ಮುಂದೆ ವರ್ಷಗಟ್ಟಲೆ ತಕರಾರು ಬೆಳೆಯುತ್ತದೆ. ಗಂಡನ ಕಡೆಯವರಿಗೂ ಒಂದು ಧೈರ್ಯ ಇದೆ. ಒಪ್ಪಂದದ ಲಾಭವನ್ನೆಲ್ಲ ಪಡೆದ ಮೇಲೆ ಹೆಂಡತಿ 498ಎ ಬಿಡುವುದಿಲ್ಲ ಎಂದಾಗ ರುಚಿ ಅಗರ್ವಾಲ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟೇ ಆ ನಡಾವಳಿಯನ್ನು ರದ್ದುಮಾಡಿದೆ.

ಹೆಣ್ಣುಮಕ್ಕಳಿಗೆ ಆದಾಯ ಎಷ್ಟೇ ಇದ್ದರೂ ಉಚಿತ ಕಾನೂನು ನೆರವಿನ ಹಕ್ಕಿದೆ. ಎದುರು ಕಡೆಯ ವಕೀಲರೇ ಇಬ್ಬರ ಕಾಗದವನ್ನೂ ಬರೆದುಕೊಡುವುದಕ್ಕೆ ಒಪ್ಪಬೇಡಿ. ಜಿಲ್ಲಾ ಕಾನೂನು ಸೇವೆಗಳ ಪ್ರಾಧಿಕಾರದಲ್ಲಿ ಅರ್ಜಿ ಕೊಟ್ಟು ಆಕೆಗೆ ಬೇರೆ ವಕೀಲರನ್ನು ಕೇಳಿ.

ಶಹಾಪುರದವ:

ಚೆಕ್ ಬೌನ್ಸಿನ ಮಾತನ್ನೂ ಸೇರಿಸುತ್ತೇನೆ. ಗೊಬ್ಬರದಂಗಡಿ, ಹತ್ತಿ ವ್ಯಾಪಾರದ ಇಂಥ ಕೇಸು ಯಾದಗಿರಿ ಕಡೆ ಹೆಚ್ಚು. ಇದಕ್ಕೆ ಹೈಕೋರ್ಟ್ ಬೇಕಿಲ್ಲ. ಚೆಕ್ ಕೇಸಿನ ನೆಗೋಷಿಯಬಲ್ ಇನ್‌ಸ್ಟ್ರುಮೆಂಟ್ಸ್ ಕಾಯಿದೆಯ 147ರ ಪ್ರಕಾರ ಯಾವ ಹಂತದಲ್ಲೂ ರಾಜಿಯಾಗಬಹುದು, ಅಪೀಲಿನಲ್ಲೂ ಸಹ. ಆದರೆ ತಡಮಾಡಿದಷ್ಟೂ ದಂಡ ಏರುತ್ತದೆ. 2010ರ ದಾಮೋದರ ಪ್ರಭು ತೀರ್ಪಿನ ದರಗಳನ್ನು ಸುಪ್ರೀಂ ಕೋರ್ಟು 2025ರ ಸೆಪ್ಟೆಂಬರ್ 25ರಂದು ಬದಲಿಸಿದೆ. ಆರೋಪಿ ತನ್ನ ಕಡೆಯ ಸಾಕ್ಷ್ಯ ದಾಖಲಾಗುವ ಮುಂಚೆ ಚೆಕ್ಕಿನ ಹಣ ಕಟ್ಟಿದರೆ ವೆಚ್ಚ ಹಾಕದೆಯೇ ರಾಜಿಗೆ ಬಿಡಬಹುದು. ಅದಾದ ಮೇಲೆ, ತೀರ್ಪಿಗೆ ಮುಂಚೆ, ಶೇ. 5, ಸೆಷನ್ಸ್ ಅಥವಾ ಹೈಕೋರ್ಟಿನಲ್ಲಿ ಶೇ. 7.5, ಸುಪ್ರೀಂ ಕೋರ್ಟಿನಲ್ಲಿ ಶೇ. 10. 4 ಲಕ್ಷದ ಚೆಕ್ಕಾದರೆ 20,000, 30,000, 40,000 ಆಯಿತು. ಈ ಹಣ ಹೋಗುವುದು ಕಾನೂನು ಸೇವೆಗಳ ಪ್ರಾಧಿಕಾರಕ್ಕೆ, ಸಾಲ ಕೊಟ್ಟವನಿಗಲ್ಲ.

ಕಂತಿನ ಮೇಲೆ ಒಪ್ಪುವ ಅಂಗಡಿಯವರು ಮೊದಲ ಕಂತಿಗೇ ರಾಜಿ ಮೆಮೊಗೆ ಸಹಿ ಹಾಕಿದರೆ ಆರೋಪಿ ಅವತ್ತೇ ಖುಲಾಸೆ. ಕೊನೆಯ ಕಂತಿನವರೆಗೆ ಕೇಸು ಬಾಕಿ ಇಡಿಸಿ, ಇಲ್ಲವೇ ಲೋಕ ಅದಾಲತ್ತಿನಲ್ಲಿ ಕಂತುಗಳ ಸಮೇತ ಅವಾರ್ಡ್ ಮಾಡಿಸಿ. ಚೆಕ್ ಕೇಸಿನಲ್ಲಿ ಲೋಕ ಅದಾಲತ್ತಿನ ಅವಾರ್ಡು ಸಿವಿಲ್ ಡಿಕ್ರಿಯಂತೆ ಜಾರಿ ಮಾಡಲು ಬರುತ್ತದೆ ಎಂದು ಗೋವಿಂದನ್ ಕುಟ್ಟಿ ಮೆನನ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟು ಹೇಳಿದೆ. ರಾಜಿಗಾಗಿ ಹೊಸ ಚೆಕ್ ಪಡೆದಿದ್ದು ಅದೂ ಬೌನ್ಸಾದರೆ ಹೊಸ ಚೆಕ್ಕಿನ ಮೇಲೆಯೇ ಕೇಸು ಹಾಕಬೇಕು. ಹಳೆಯದನ್ನೂ ಹೊಸದನ್ನೂ ಒಟ್ಟಿಗೆ ನಡೆಸಲು ಬರುವುದಿಲ್ಲ ಎಂದು 2021ರ ಜಿಂಪೆಕ್ಸ್ ತೀರ್ಪಿನಲ್ಲಿದೆ.

ಇನ್ನೊಂದು ಪ್ರಶ್ನೆ ಕೋಟೆ ಬಾಗಿಲು ಸರ್‌ಗೆ: 307 (ಕೊಲೆ ಯತ್ನ) ಇದ್ದರೆ, ಅಟ್ರಾಸಿಟಿ (ಪರಿಶಿಷ್ಟರ ಮೇಲಿನ ದೌರ್ಜನ್ಯ) ಇದ್ದರೆ, ಪೋಕ್ಸೊ (ಮಕ್ಕಳ ಮೇಲಿನ ಲೈಂಗಿಕ ಅಪರಾಧ) ಇದ್ದರೆ ಏನು? ಊರ ಪಂಚರು ಎಲ್ಲಕ್ಕೂ ಒಂದೇ ನಮೂನೆಯ ಕಾಗದ ಬರೆಸುತ್ತಿದ್ದಾರೆ.

ಕೋಟೆ ಬಾಗಿಲು, ವಕೀಲರು, ಕಲಬುರಗಿ:

307ರಲ್ಲಿ ರಾಜಿ ಒಂದೇ ಸಾಲದು. 2019ರ ಲಕ್ಷ್ಮೀನಾರಾಯಣ ತೀರ್ಪು ಅದನ್ನು ಸಮಾಜದ ವಿರುದ್ಧದ ಅಪರಾಧ ಎಂದೇ ಎಣಿಸಿದೆ. ಆದರೆ ಕಲಂ ಹಾಕಿದ್ದಾರೆಂದು ಅಲ್ಲಿಗೇ ನಿಲ್ಲದೆ, ಗಾಯ ದೇಹದ ಯಾವ ಭಾಗಕ್ಕೆ ಆಗಿದೆ, ಆಯುಧ ಎಂಥದ್ದು, ಚಾರ್ಜ್‌ಶೀಟಿನ ಸಾಕ್ಷ್ಯದಿಂದ 307 ನಿಜವಾಗಿ ನಿಲ್ಲುತ್ತದೆಯೇ ಎಂದು ಹೈಕೋರ್ಟು ನೋಡಬಹುದು. ಕೈಗೆ ಬಿದ್ದ ಬಡಿಗೆಯ ಏಟಿಗೂ ತಲೆಗೆ ಬಿದ್ದ ಕೊಡಲಿಯ ಬಾಯಿಗೂ ಇಲ್ಲಿ ಅಜಗಜಾಂತರ. ಗಾಯದ ಸರ್ಟಿಫಿಕೇಟನ್ನು ಸಾಲು ಸಾಲಾಗಿ ಓದದೆ ಇಂಥ ಅರ್ಜಿ ಹಾಕಬಾರದು.

ಅಟ್ರಾಸಿಟಿ ಕಾಯಿದೆಯ ಕೇಸು ರದ್ದಾಗುವುದೇ ಇಲ್ಲ ಎಂದೇನಿಲ್ಲ. 2021ರ ರಾಮಾವತಾರ್ ಪ್ರಕರಣ ನೆರೆಹೊರೆಯವರ ಜಾಗದ ತಂಟೆಯಿಂದ ಹುಟ್ಟಿದ್ದು, ಅದನ್ನು ಸುಪ್ರೀಂ ಕೋರ್ಟು ರಾಜಿಯ ಮೇಲೆ ಮುಕ್ತಾಯ ಮಾಡಿತು. ಮೂಲ ಜಗಳ ಖಾಸಗಿಯದೇ, ಜಾತಿಯ ಕಾರಣಕ್ಕೇ ನಡೆದ ದೌರ್ಜನ್ಯ ಅಲ್ಲವೇ, ನೊಂದವರ ಮೇಲೆ ಒತ್ತಡ ಇಲ್ಲವೇ ಎಂದು ಬಹಳ ಎಚ್ಚರದಿಂದ ನೋಡುತ್ತಾರೆ. ಊರಲ್ಲಿ ಕೆಲಸ ಕೊಡುವುದಿಲ್ಲ, ದಾರಿ ಬಿಡುವುದಿಲ್ಲ ಎಂದು ಹೆದರಿಸಿ ತಂದ ಸಹಿಗೆ ಕೋರ್ಟಿನಲ್ಲಿ ಬೆಲೆಯಿಲ್ಲ. ಅಂಥ ಕಾಗದ ಬರೆಸುವುದು ಅನ್ಯಾಯ, ಪಂಚರು ಅದಕ್ಕೆ ಕೈ ಹಾಕಬಾರದು.

ಪೋಕ್ಸೊ ಬಗ್ಗೆ ಮಾತು ಚಿಕ್ಕದು. ರಾಜಿಯ ಕಾರಣಕ್ಕೆ ಅಂಥ ಕೇಸನ್ನು ರದ್ದುಮಾಡಿದ್ದ ರಾಜಸ್ಥಾನ ಹೈಕೋರ್ಟಿನ ಆದೇಶವನ್ನು ಸುಪ್ರೀಂ ಕೋರ್ಟು 2024ರ ನವೆಂಬರ್ 7ರಂದು ತಳ್ಳಿಹಾಕಿದೆ. ಪಂಚರಿಗೆ ವಿಷಯ ಗೊತ್ತಾಗಿಯೂ ಪೊಲೀಸರಿಗೆ ತಿಳಿಸದೆ ಮಾತು ಮುಗಿಸಿದರೆ ಆ ಕಾಯಿದೆಯ 21ರ ಅಡಿಯಲ್ಲಿ ಅವರೇ ಆರೋಪಿಗಳಾಗುತ್ತಾರೆ. ಕೊಲೆ, ಅತ್ಯಾಚಾರ, ದರೋಡೆ, ಸರ್ಕಾರಿ ನೌಕರರ ಲಂಚದ ಕೇಸುಗಳಿಗೂ ರಾಜಿಯ ದಾರಿ ಇಲ್ಲ; ಗ್ಯಾನ್ ಸಿಂಗ್ ತೀರ್ಪಿನಲ್ಲೇ ಇವನ್ನು ಹೊರಗಿಟ್ಟಿದ್ದಾರೆ.

ಕೆಲವರು ಹೈಕೋರ್ಟಿನ ಖರ್ಚು ಉಳಿಸಲು ‘ಸಾಕ್ಷಿ ಕಟ್ಟೆಯಲ್ಲಿ ಉಲ್ಟಾ ಹೇಳಿದರಾಯಿತು’ ಎಂದು ಹೇಳಿಕೊಡುತ್ತಾರೆ. ಪ್ರಮಾಣ ಮಾಡಿ ಸುಳ್ಳು ಹೇಳಿದ್ದಕ್ಕೆ ಬೇರೆಯೇ ಶಿಕ್ಷೆ ಇದೆ. ಕಾನೂನೇ ಒಂದು ದಾರಿ ಕೊಟ್ಟಿರುವಾಗ ಫಿರ್ಯಾದಿಯನ್ನು ಆ ಅಪಾಯಕ್ಕೆ ತಳ್ಳುವುದು ತಪ್ಪು.

ಕಾಗಿಣಾ ದಂಡಿ, ಸೇಡಂ:

ಎಲ್ಲಾ ಸ್ಪಷ್ಟ ಆಯ್ತ್ರಿ. ಏಳು ಮಂದಿ ಪೈಕಿ ಒಬ್ಬ ಹುಡುಗ ಪೊಲೀಸ್ ಕಾನ್‌ಸ್ಟೆಬಲ್ ಹುದ್ದೆಗೆ ಓದಾಕತ್ತ್ಯಾನ. ಹೈಕೋರ್ಟಿನಾಗ ರದ್ದಾದ ಮ್ಯಾಲ ಅರ್ಜಿಯಾಗ ‘ಕೇಸು ಇಲ್ಲ’ ಅಂತ ಬರೀಬಹುದೇನು? ಮತ್ತ ಆದೇಶ ಬಂದ ಮ್ಯಾಲ ಏನು ಮಾಡಬೇಕು?

ನಕಲು ವಿಭಾಗ, ವಕೀಲರ ಗುಮಾಸ್ತ, ಕಲಬುರಗಿ:

ಹಂಗ ಬರೀಬಾರದು. ‘ಯಾವಾಗರೆ ಕೇಸು ದಾಖಲಾಗಿತ್ತೇನು’ ಅಂತ ಫಾರಂ ಕೇಳಿದ್ರ ‘ಹೌದು’ ಅಂತ ಬರೆದು ಕ್ರೈಂ ನಂಬರ್, ಹೈಕೋರ್ಟ್ ಅರ್ಜಿ ನಂಬರ್, ಆದೇಶದ ತಾರೀಖು ಹಾಕಿ ನಕಲು ಲಗತ್ತಿಸಬೇಕು. ಮುಚ್ಚಿಟ್ಟದ್ದು ಪರಿಶೀಲನೆಯಾಗ ಹೊರಬಿದ್ರ ಆ ಮುಚ್ಚಿಟ್ಟದ್ದೇ ನೌಕರಿ ಹೋಗಾಕ ಕಾರಣ ಆಗ್ತದ. 2016ರ ಅವತಾರ್ ಸಿಂಗ್ ತೀರ್ಪು ಇದರ ಮ್ಯಾಲೇ ಅದ. ಹೇಳಿದ ಮ್ಯಾಲೂ ಪೊಲೀಸ್ ಇಲಾಖೆಗೆ ಅವನು ಯೋಗ್ಯ ಹೌದೋ ಅಲ್ಲೋ ಅಂತ ನೋಡೋ ಹಕ್ಕು ಉಳಿದೇ ಇರ್ತದ. ಆದ್ರ ಖರೆ ಹೇಳಿದವನ ಕಡೆ ವಾದ ಮಾಡಾಕ ಆಧಾರ ಇರ್ತದ.

ಆದೇಶ ಆದ ದಿನವೇ ದೃಢೀಕೃತ ನಕಲಿಗೆ ಅರ್ಜಿ ಹಾಕ್ರಿ, ಎರಡೂ ಕೇಸಿಗೆ ನಾಲ್ಕು ನಾಲ್ಕು ಪ್ರತಿ. ಕಲಬುರಗಿ ಪೀಠದ ಕೇಸಿನ ನಂಬರ್ 2 ಲಕ್ಷದಿಂದ ಶುರು ಆಗ್ತದ. ಆನ್‌ಲೈನಿನಾಗ ಬೆಂಗಳೂರು ಪೀಠ ಆರಿಸಿ ಹುಡುಕಿದ್ರ ಸಿಗಂಗಿಲ್ಲ. ಆದೇಶದಾಗ ಸಿಸಿ ನಂಬರ್, ಕೋರ್ಟಿನ ಹೆಸರು, ಎಲ್ಲಾ ಅರ್ಜಿದಾರರ ಹೆಸರು ಸರಿ ಬಂದಾವೇನು ಅಂತ ಅಲ್ಲೇ ನಿಂತು ಓದ್ರಿ. ಸಿಸಿ ನಂಬರಿನಾಗ ಒಂದು ಅಂಕಿ ತಪ್ಪಿದ್ರ ಕೆಳಗಿನ ಕೋರ್ಟು ಕಡತ ಮುಚ್ಚಂಗಿಲ್ಲ, ತಿದ್ದುಪಡಿಗೆ ಮತ್ತ ಮೆಮೊ ಹಾಕಬೇಕಾಗ್ತದ.

ಒಂದು ಪ್ರತಿ ಸೇಡಂ ಕೋರ್ಟಿಗೆ ಮೆಮೊ ಸಂಗಡ ಕೊಟ್ಟು ಕಡತ ಮುಕ್ತಾಯ ಅಂತ ಆರ್ಡರ್ ಶೀಟಿನಾಗ ಬರೆಸ್ರಿ. ಅದೇ ಮೆಮೊದಾಗ ಜಾಮೀನುದಾರರ ಬಾಂಡ್ ಬಿಡುಗಡೆ, ಜಪ್ತಿ ಆದ ಗಾಡಿ ಮೊಬೈಲು ಇದ್ರ ಮುದ್ದೆಮಾಲು ವಾಪಸ್ ಕೇಳ್ರಿ. ಜಾಮೀನಿನ ಷರಾ ಯಾರದರೆ ಪಹಣಿಯಾಗ ಬಿದ್ದಿದ್ರ ಅದನ್ನ ತೆಗೆಸಾಕ ಕೋರ್ಟಿನಿಂದ ತಹಶೀಲ್ದಾರರಿಗೆ ಪತ್ರ ಬೇಕು. ಇನ್ನೊಂದು ಪ್ರತಿ ಠಾಣೆಗೆ, ಸ್ವೀಕೃತಿ ಸಹಿ ತಗೊಂಡು. ರೌಡಿ ಶೀಟ್ ತೆರೆದಿದ್ರ ಅದು ತಾನಾಗೇ ಹೋಗಂಗಿಲ್ಲ, ಈ ನಕಲು ಹಚ್ಚಿ ಎಸ್‌ಪಿ ಅವರಿಗೆ ಬೇರೆ ಅರ್ಜಿ ಕೊಡಬೇಕು. ಉಳಿದ ಎರಡು ಪ್ರತಿ ಎರಡೂ ಮನಿಯವರ ಹತ್ರ ಇರಲಿ.